ಇಟಲಿಯಲ್ಲಿ ಹೊಸೆದ ಗವಲು

ಕೊರಟಗೆರೆ ಬಸ್‌ಸ್ಟ್ಯಾಂಡಿನಲ್ಲಿ ಪುರವರದ ಬಸ್ಸಿಗೆ ಕಾಯುತ್ತಿದ್ದ ನಾಗಭೂಷಣನ ಪಕ್ಕದಲ್ಲೇ ತಾಯಿ ಮಗಳು ಕೂತಿದ್ದರು. ಮಗಳು ತನ್ನ ಇಟಲಿ ಪ್ರವಾಸದ ವಿಡಿಯೊ ತೋರಿಸುತ್ತಿದ್ದಳು.

“ಇದು ಪಾಸ್ತಾ ಮಾಡೋದು ಕಲಿಸೋ ಕ್ಲಾಸ್ ಕಣಮ್ಮ. ಹಿಟ್ಟನ್ನ ಹೆಬ್ಬೆಟ್ಟಲ್ಲಿ ಒತ್ತಿ ಸುರುಳಿ ಮಾಡ್ಬೇಕು.”

“ನಾವು ಮೊರದ ಬೆನ್ನ ಮೇಲೆ ಪಾಯಸಕ್ಕೆ ಗವಲು ಹೊಸೆಯಲ್ವೇನೇ, ಅಂಗೇ ಐತಲ್ಲ!”

“ಅದಕ್ಕೇ ಎಲ್ಲಾರಿಗಿಂತ ನಂದೇ ಚೆನ್ನಾಗಿ ಬಂತು.”

“ಆ ಕಲಿಸೋ ಅಜ್ಜಿ ನಿನ್ನ ಏನೋ ಕೇಳ್ತಾವ್ಳಲ್ಲ?”

“ನಿಂಗೆ ಯಾರು ಕಲಿಸಿದ್ದು ಅಂತ.”

ಫೋನಿನೊಳಗಿನ ಮಗಳು ನಕ್ಕು ಇಂಗ್ಲಿಷಿನಲ್ಲಿ ಏನೋ ಹೇಳಿದಳು.

“ಯೂಟ್ಯೂಬ್ ಅಂದಂಗಿತ್ತು?”

ಮಗಳು ಫೋನು ಆರಿಸಿದಳು.

“ಅಷ್ಟು ಜನರ ಮುಂದೆ ನಮ್ಮಮ್ಮ ಮೊರದ ಮೇಲೆ ಕಲಿಸಿದ್ದು ಅನ್ನೋಕೆ ನಾಚ್ಕೆ ಆಗ್ಬುಡ್ತಮ್ಮ.”

ಪುರವರದ ಬಸ್ಸು ಬಂತು. ತಾಯಿ ಏನನ್ನುತ್ತಾಳೋ ಎಂದು ನಾಗಭೂಷಣ ಏಳಲಿಲ್ಲ. ತಾಯಿ, ಮಗಳ ಬ್ಯಾಗನ್ನೂ ತಾನೇ ಎತ್ತಿಕೊಂಡಳು.

“ಹೋಗ್ಲಿ ಬುಡು. ನಂಗೆಲ್ಲಿ ಇಂಗ್ಲಿಷ್ ಬತ್ತದೆ.”