ಕೆನ್ನೆಯ ಮೇಲಿನ ಕಲೆ

ಹೆಸರು ಪಾಲಿಶಣ್ಣ (ಹಾಜರಿ ಪುಸ್ತಕದಲ್ಲೂ ಇದೇ ಇದೆ), ವಯಸ್ಸು 54 ವರ್ಷ, ಕೆಲಸ ನಗರಸಭೆಯಲ್ಲಿ ಹಿತ್ತಾಳೆ ಉಜ್ಜುವುದು, ವಾಸ ನೀರಿನ ಟ್ಯಾಂಕಿನ ಹಿಂದಿನ ನೌಕರರ ವಸತಿ, ಮನೆ ಸಂಖ್ಯೆ 14. ಯಾರೂ ಕರೆಸದೆ ನಾನಾಗಿಯೇ ಠಾಣೆಗೆ ಬಂದು ಈ ಮೂಲಕ ತಿಳಿಸುವುದೇನೆಂದರೆ:

ಉದ್ಯಾನದ ಗೇಟಿನಿಂದ ನಲವತ್ತು ಹೆಜ್ಜೆ ಒಳಗೆ, ಕೂತು ಬರೆಯುತ್ತಿರುವ ಒಬ್ಬ ಲೇಖಕಿಯ ಕಂಚಿನ ಪ್ರತಿಮೆ ಇದೆ. ಆರು ವರ್ಷದ ಹಿಂದೆ ನೆರೆದೇಶದವರು ಸ್ನೇಹದ ಕಾಣಿಕೆಯಾಗಿ ಕೊಟ್ಟದ್ದು. ಅದರ ಬಲಗೆನ್ನೆಯ ಮೇಲೆ ಹೆಬ್ಬೆರಳಗಲದ ಕಪ್ಪು ಕಲೆ ಇತ್ತು. ಪ್ರತಿಮೆ ತೊಳೆಯುವುದು ಮಾಲಿಯ ಕೆಲಸ. ಪೀಠದ ಹಿತ್ತಾಳೆ ಫಲಕ ಮಾತ್ರ ನನ್ನದು, ತಿಂಗಳಿಗೊಮ್ಮೆ ಉಜ್ಜುತ್ತೇನೆ. ಉಜ್ಜುವಾಗಲೆಲ್ಲ ಆ ಕಲೆ ನನ್ನ ಕಣ್ಣು ಚುಚ್ಚುತ್ತಿತ್ತು.

11ನೇ ತಾರೀಕು ಸೋಮವಾರ ಮಧ್ಯಾಹ್ನ 3.40ಕ್ಕೆ ಉದ್ಯಾನದ ಸಾಹೇಬರು ಫೋನ್ ಮಾಡಿ, ನಾಳೆ ರಾಯಭಾರಿ ಬರ್ತಾರೆ, ಬಂದೋರ ಕಣ್ಣಿಗೆ ಮೊದಲು ಬೀಳೋದೇ ಆ ಕಲೆ, ಸ್ವಲ್ಪ ನೋಡ್ಕೊಳ್ಳಪ್ಪಾ ಎಂದರು. ಸಾಹೇಬರು ಹೇಳಿದ್ದು ಶಿಲ್ಪಕಲೆಯ ಕಲೆ. ನನಗೆ ಕೇಳಿಸಿದ್ದು ಅಂಗಿಗೆ ಹತ್ತುವ ಕಲೆ. ಯಾವ ಕಲೆ ಎಂದು ಒಂದು ಮಾತು ಕೇಳಲಿಲ್ಲ. ಕೇಳುವ ಮನಸ್ಸೂ ನನಗಿರಲಿಲ್ಲ ಎಂಬುದು ನಿಜ.

4.10ರಿಂದ 5.25ರವರೆಗೆ ಉಜ್ಜಿದೆ. ನೀರಿಗೆ ಹೋಗಲಿಲ್ಲ, ಸೋಪಿಗೆ ಹೋಗಲಿಲ್ಲ, ಆಸಿಡ್ ಹಚ್ಚಿದ ಮೇಲೆ ಬಿಟ್ಟಿತು. ಕೆನ್ನೆ ಫಳಫಳ ಹೊಳೆಯಿತು. 6 ಗಂಟೆಗೆ ಪಾಳಿಗೆ ಬಂದ ವಾಚ್‌ಮನ್ ಅದನ್ನು ನೋಡಿ, ಏನಯ್ಯಾ ಭಾವಮೈದ, ಅಮ್ಮಾವ್ರಿಗೆ ಮುಖ ತೊಳೆಸಿಬಿಟ್ಯಾ ಎಂದು ನಕ್ಕರು. ಅವರು ನನ್ನ ಅಕ್ಕನ ಗಂಡ.

12ನೇ ತಾರೀಕು ಬೆಳಿಗ್ಗೆ 10.15ಕ್ಕೆ ರಾಯಭಾರಿಯ ಜೊತೆ ಪ್ರತಿಮೆ ಮಾಡಿದ ಹೆಂಗಸು ಬಂದರು. ಆಕೆ ಆ ಲೇಖಕಿಯ ಮಗಳು. ನಾನು ಎಂಟು ಅಡಿ ದೂರದಲ್ಲಿ ಬಟ್ಟೆ ಹಿಡಿದು, ಯಾರಾದರೂ ಭೇಷ್ ಎನ್ನುತ್ತಾರೆ ಎಂದು ಕಾಯುತ್ತಿದ್ದೆ. ಆಕೆ ಪ್ರತಿಮೆಯ ಕೆನ್ನೆ ಮುಟ್ಟಿ ಏನೋ ಹೇಳಿದರು. ದುಭಾಷಿ ಅದನ್ನು ಸಾಹೇಬರಿಗೆ ತಿಳಿಸಿದರು. ಏನೆಂದರೆ, ಮಸಿ ಹತ್ತಿದ ಬೆರಳಿನಲ್ಲೇ ಕೆನ್ನೆ ಒರೆಸಿಕೊಳ್ಳುವುದು ಅಮ್ಮನ ಅಭ್ಯಾಸವಂತೆ. ಈಕೆ ಶಾಲೆಯಿಂದ ಬಂದಾಗ ಕೆನ್ನೆ ಕಪ್ಪಾಗಿದ್ದರೆ, ಅಮ್ಮ ಇವತ್ತು ಬರೆದಿದ್ದಾಳೆ, ಖುಷಿಯಲ್ಲಿದ್ದಾಳೆ ಎಂದು ಗೊತ್ತಾಗುತ್ತಿತ್ತಂತೆ. ಅಮ್ಮ ಸತ್ತ ಮೇಲೆ ಸೀಸೆಯಲ್ಲಿ ಉಳಿದ ಮಸಿಯನ್ನೇ ಬಣ್ಣಕ್ಕೆ ಕಲಸಿ ಆ ಕಲೆ ಇಟ್ಟಿದ್ದರಂತೆ. ಈಗ ಸೀಸೆ ಖಾಲಿಯಂತೆ. ಆಕೆ ಕೂಗಾಡಲಿಲ್ಲ. ಕರವಸ್ತ್ರದಿಂದ ಆ ಕೆನ್ನೆಯನ್ನು ಒಮ್ಮೆ ಒರೆಸಿ ಹೋದರು.

ಸಾಹೇಬರು ಗಾಬರಿಯಲ್ಲಿ, ಇದು ಕಿಡಿಗೇಡಿಗಳ ಕೆಲಸ, ವಾಚ್‌ಮನ್ ನಿದ್ದೆ ಹೊಡೆದಿದ್ದಾನೆ ಎಂದರು. ನಾನು ಅಲ್ಲೇ ಇದ್ದೆ. ಬಟ್ಟೆಯನ್ನು ಜೇಬಿಗೆ ತುರುಕಿಕೊಂಡೆ. 12.30ಕ್ಕೆ ಪೊಲೀಸರು ಭಾವನನ್ನು ಠಾಣೆಗೆ ಕರೆತಂದರು. ಜೀಪ್ ಹತ್ತುವಾಗ ಅವರು ಒಮ್ಮೆ ನನ್ನ ಕಡೆ ನೋಡಿದರು.

13ನೇ ತಾರೀಕು ಇಡೀ ದಿನ ನಾನು ಬಾಯಿ ಬಿಡಲಿಲ್ಲ. ಕೆಲಸ ಹೋದರೆ ಗತಿಯೇನು ಎಂಬ ಭಯ. ಇಂದು ಬೆಳಿಗ್ಗೆ 7 ಗಂಟೆಗೆ ಅಕ್ಕ ಬಂದು, ಎತ್ತಿಗೆ ಜ್ವರ ಬಂದ್ರೆ ಎಮ್ಮೆಗೆ ಬರೆ ಹಾಕಿದ್ರಂತೆ, ಆ ಎತ್ತು ಯಾವುದು ಅಂತ ನಿಮ್ಮ ಭಾವ ಬಾಯೇ ಬಿಡ್ತಿಲ್ಲ ಕಣೋ ಎಂದು ಅತ್ತಳು. ಎತ್ತಿಗೇ ಕಾಫಿ ಸೋಸಿ ಕೊಟ್ಟಳು. ಲೋಟ ಕೆಳಗಿಟ್ಟೆ. ಎದ್ದು ಇಲ್ಲಿಗೆ ಬಂದೆ.

ಆ ಕಲೆಯನ್ನು ಅಳಿಸಬಾರದೆಂದು ಪೀಠದ ಫಲಕದಲ್ಲೇ ಬರೆದಿದೆ ಎಂದು ಈ ಹೇಳಿಕೆ ಬರೆದುಕೊಳ್ಳುತ್ತಿರುವ ಠಾಣೆಯ ರೈಟರ್ ಈಗ ಹೇಳಿದರು. ಆರು ವರ್ಷದಿಂದ ಆ ಅಕ್ಷರಗಳನ್ನು ಹೊಳೆಸುತ್ತಾ ಬಂದವನು ನಾನೇ. ನನಗೆ ಓದಲು ಬಾರದು.

ಭಾವನ ತಪ್ಪು ಏನೂ ಇಲ್ಲ. ಅವರನ್ನು ಬಿಡಬೇಕೆಂದು ಕೇಳಿಕೊಳ್ಳುತ್ತೇನೆ. ಆ ಮಗಳಿಗೆ ಏನು ಹೇಳಿಸಬೇಕೋ ನನಗೆ ತಿಳಿಯದು. ಕಲೆ ಹತ್ತಿದ ಬಟ್ಟೆಯನ್ನೂ ಒಗೆದುಬಿಟ್ಟಿದ್ದೇನೆ.

ಬರೆದದ್ದನ್ನು ಓದಿಸಿ ಕೇಳಿದ್ದೇನೆ. ನಾನು ಹೇಳಿದಂತೆಯೇ ಇದೆ, ಎಲ್ಲವೂ ಸತ್ಯ.

ಸ್ಥಳ: ಉದ್ಯಾನ ರಸ್ತೆ ಠಾಣೆ
ದಿನಾಂಕ: 14, ಗುರುವಾರ, ಬೆಳಿಗ್ಗೆ 9.20

ಹೇಳಿಕೆದಾರರ ಎಡಗೈ ಹೆಬ್ಬೆಟ್ಟಿನ ಗುರುತು

ಷರಾ: ಬೆರಳಿನ ಮಸಿ ಒರೆಸಿಕೊಳ್ಳಲು ಬಟ್ಟೆ ಕೊಡಲಾಯಿತು. ಹೇಳಿಕೆದಾರರು ತೆಗೆದುಕೊಳ್ಳಲಿಲ್ಲ. (ಸಹಿ) ಠಾಣಾ ರೈಟರ್