ಕಟ್ಟೆ ಗುಡಿಸಿದ ಯಜಮಾನ

ಒಂದೂರಿನಲ್ಲಿ ಒಬ್ಬ ಶ್ರೀಮಂತ ಯಜಮಾನ ಬೆಳಗಿನ ಮಂಜಿನಲ್ಲಿ ಅರಳಿಕಟ್ಟೆ ಗುಡಿಸುತ್ತಿದ್ದ. ಮಾತಿಲ್ಲ, ಕತೆಯಿಲ್ಲ. ಪೊರಕೆಯ ಸರಸರ ಮಾತ್ರ.

ಅಂದು ಅಲ್ಲಿ ನ್ಯಾಯ ಸೇರಬೇಕಿತ್ತು. ಗುಡಿಯ ಹಿತ್ತಾಳೆ ಗಂಟೆ ಕಾಣೆಯಾಗಿ, ಹೂ ಕಟ್ಟುವ ಹೆಂಗಸಿನ ಮೇಲೆ ದೂರು ಬಂದಿತ್ತು. ಕಳ್ಳಿ ಎಂದಾದರೆ ಅವಳು ಕೈಗೂಸನ್ನು ಎತ್ತಿಕೊಂಡು ಊರು ಬಿಡಬೇಕು. ನ್ಯಾಯ ಹೇಳುವವನು ಈ ಯಜಮಾನನೇ. ಹಿಂದಿನ ದಿನ ಅವನು ದೂರು ಕೊಟ್ಟ ಪೂಜಾರಿಯ ಮನೆಯಲ್ಲಿ ಹೋಳಿಗೆ ಉಂಡು, ತೀರ್ಪನ್ನೂ ಊಟದ ಎಲೆಯ ಮುಂದೆಯೇ ಮುಗಿಸಿ ಬಂದಿದ್ದ. ಇವತ್ತು ಬೇಗ ಬಂದವನಿಗೆ ತಾನು ಕೂರುವ ಕಲ್ಲಿನ ಮೇಲೆ ಎಲೆ ಉದುರಿದ್ದು ಕಂಡಿತು. ಪೊರಕೆ ಎತ್ತಿಕೊಂಡ, ಅಷ್ಟೆ.

ಆದರೆ ನೋಡಿ, ಆ ಊರಿಗೊಂದು ಪದ್ಧತಿ. ಯಾರ ಮೇಲೆ ದೂರು ಬಂದಿದೆಯೋ ಅವರೇ ಕಟ್ಟೆ ಗುಡಿಸಬೇಕು. ಪೊರಕೆ ಹಿಡಿದವರೇ ತಪ್ಪಿತಸ್ಥರು. ಮತ್ತೆ ಕೇಳುವುದೇನಿದೆ? ಆ ಪೊರಕೆಯನ್ನು ಎಂದೂ ಮುಟ್ಟದ ಯಜಮಾನನಿಗೆ ಇದು ಹೊಳೆಯಲೇ ಇಲ್ಲ.

ಮಂಜಿನೊಳಗಿಂದ ಒಬ್ಬೊಬ್ಬರೇ ಬಂದರು. ಬಂದವರು ದೂರದಲ್ಲೇ ನಿಂತರು.

"ಅವ್ಳಲ್ವಂತೆ, ಇವ್ನಂತೆ," ಎಂದ ಒಬ್ಬ.

"ಇವ್ನ ಕಣ್ಣು ಮೊದ್ಲಿಂದ್ಲೂ ಸರಿ ಇರ್ಲಿಲ್ಲ ಬಿಡು," ಎಂದ ಇನ್ನೊಬ್ಬ.

ಗಂಟೆ ಅವನ ಹಿತ್ತಲಲ್ಲೇ ಹೂತಿರಬೇಕು ಎಂದು ಮತ್ತೊಬ್ಬರು ಜಾಗವನ್ನೂ ಹೇಳಿದರು. ಹೋಳಿಗೆ ಬಡಿಸಿದ ಪೂಜಾರಿಯೂ ಮುಖ ತಿರುಗಿಸಿದ. ಯಜಮಾನ ಏನೋ ಹೇಳಹೊರಟ. ಕನಸಿನಲ್ಲಿ ಕೂಗಿದ ಹಾಗೆ, ಬಾಯಿ ತೆರೆದರೂ ಮಾತು ಯಾರ ಕಿವಿಗೂ ಮುಟ್ಟಲಿಲ್ಲ. ತನ್ನ ಊರು, ತನ್ನ ಮರ, ತನ್ನ ಜನ. ಎಲ್ಲವೂ ಮಂಜಿನಲ್ಲಿ ತೇಲಿ ದೂರ ಹೋಗುತ್ತಿದ್ದವು. ತಾನು ಮಾಡಿದ್ದಾದರೂ ಏನು? ದೂರು ಹೇಳಿದವರು ಯಾರು?

ಆಗ ಮಗುವನ್ನು ಸೊಂಟದ ಮೇಲಿಟ್ಟುಕೊಂಡು ಆ ಹೂವಿನ ಹೆಂಗಸು ಬಂದಳು.

"ನನ್ ಕೆಲ್ಸ ನೀವ್ಯಾಕೆ ಮಾಡ್ತಿದ್ದೀರಿ ಯಜಮಾನ್ರೇ? ಏನಾಯ್ತು?"

ಏನಾಯ್ತು. ನೋಡಿ, ಇಷ್ಟೇ ಮಾತು. ಇಡೀ ಊರಿನಲ್ಲಿ ಕೇಳಿದವಳು ಅವಳೊಬ್ಬಳೇ. ಆ ಕಲ್ಲಿನ ಮೇಲೆ ಕೂತು ಅವನು ಎಷ್ಟೋ ಜನರನ್ನು ಊರಾಚೆ ಕಳಿಸಿದ್ದ. ಒಬ್ಬರನ್ನಾದರೂ ಹೀಗೆ ಕೇಳಿದ್ದನೇ?

ಅವನು ಪೊರಕೆ ಕೆಳಗಿಟ್ಟು, ಅವಳನ್ನು ಕೂರಿಸಿ, ದೂರನ್ನು ಅವಳ ಎದುರಿಗೇ ಹೇಳು ಎಂದು ಪೂಜಾರಿಯನ್ನು ಕರೆದ.

"ಇವ್ಳು ಗಂಟೆ ತಗೊಂಡಿದ್ದನ್ನ ಕಣ್ಣಾರೆ ಕಂಡ್ಯೇನಪ್ಪ?"

"ಇಲ್ಲ. ಊರೇ ಹೇಳ್ತದಲ್ಲ."

"ಊರು ಈಗ ತಾನೆ ನನ್ನನ್ನೂ ಕಳ್ಳ ಅಂತು."

ದೂರಿದವನ ಮನೆಯಲ್ಲಿ ಉಂಡ ತಾನು ಇವತ್ತು ಆ ಕಲ್ಲಿನ ಮೇಲೆ ಕೂರಲಾರೆ ಎಂದು ಯಜಮಾನ ಬೇರೆ ಹಿರಿಯರನ್ನು ಕೂರಿಸಿದ. ಅವಳು ಮಾತಾಡಿದಳು. ಮಂಜು ಕರಗುವ ತನಕ ಮಾತಾಡಿದಳು. ಗಂಟೆ ಸಿಕ್ಕಿತೇ ಎನ್ನುತ್ತೀರಾ? ಸಿಗಲಿಲ್ಲ. ಆದರೆ ಅವಳು ಊರು ಬಿಡಲಿಲ್ಲ.

ಇದು ಎಲ್ಲಿಯದೋ ಕತೆ ಅಂದುಕೊಂಡಿರಾ? ಮನೆಯಲ್ಲಿ ಬೆಳ್ಳಿ ಲೋಟ ಕಾಣದಿದ್ದಾಗ ಯಾರ ಮುಖ ನೆನಪಾಯಿತು? ಪಾತ್ರೆ ತೊಳೆಯುವವಳದ್ದೇ ಅಲ್ಲವೇ? ಅವಳಿಲ್ಲದಾಗ ಜಗಲಿಯಲ್ಲೇ ನ್ಯಾಯ ಮುಗಿಸಲಿಲ್ಲವೇ? ಇನ್ನು ಮೇಲೆ ಯಾರ ಮೇಲಾದರೂ ದೂರು ಕಿವಿಗೆ ಬಿದ್ದರೆ ಅವರನ್ನು ಕರೆದು, ಅವರ ಮುಂದೆಯೇ ಹೇಳಿ. ಕಂಡವರು ಯಾರೆಂದು ಕೇಳಿ. ಅವರ ಮಾತು ಮುಗಿಯುವ ತನಕ ಸುಮ್ಮನಿರಿ. ಪೊರಕೆ ಮಾತ್ರ ಮೊದಲೇ ಕೊಡಬೇಡಿ.

ಈಗ ನಿಮಗೊಂದು ಮುಖ ನೆನಪಾಗಿದೆ. ಕೇಳದೆ ದೂರ ಮಾಡಿದ ಮುಖ. ನಾಳೆ ಅವರ ಬಾಗಿಲಿಗೆ ಹೋಗಿ, ಅವತ್ತು ಏನಾಯ್ತು ಎಂದು ಕೇಳುವವರು ಕೈ ಎತ್ತಿ.

ಯಾಕೆ, ಎಲ್ಲರೂ ತಲೆ ತಗ್ಗಿಸಿ ಕೂತ ಚಾಪೆ ನೋಡುತ್ತಿದ್ದೀರಿ? ಒಬ್ಬರಾದರೂ ಎತ್ತಿ.