‘ರೈಟ್’ ಹೇಳಿದವಳು ನಾನು

ಹೆಸರು: ಗುರುತಿನ ಚೀಟಿಯಲ್ಲಿ ಇರುವಂತೆ, ನಕಲು ಲಗತ್ತಿಸಿದೆ. ಕೆಲಸದ ಜಾಗದಲ್ಲಿ ಎಲ್ಲರೂ ಕರೆಯುವುದು ಟೈಮಕ್ಕ ಎಂದು.
ವಯಸ್ಸು: 57 ವರ್ಷ
ಉದ್ಯೋಗ: ಬಸ್ ಡಿಪೋದಲ್ಲಿ ಟೈಮ್ ಕೀಪರ್, 31 ವರ್ಷದ ಸೇವೆ
ವಾಸ: ಡಿಪೋದ ಹಿಂದಿನ ರಸ್ತೆ, ಹೊಲಿಗೆ ಮಿಷನ್ ರಿಪೇರಿ ಅಂಗಡಿಯ ಮೇಲಿನ ಮಹಡಿ. ಪ್ರವಾಸದ ಸಲುವಾಗಿ ಸದ್ಯ ತಂಗಿರುವುದು ಈ ಉತ್ತರದ ಹಿಮದೂರಿನ ಬಂದರಿನ ಬಳಿಯ ವಸತಿಗೃಹ, ಕೋಣೆ ನಂ. 6.

ಯಾರೂ ಕರೆಸದೆ ನಾನಾಗಿಯೇ ಠಾಣೆಗೆ ಹಾಜರಾಗಿ ಈ ಮೂಲಕ ತಿಳಿಸುವುದೇನೆಂದರೆ:

ನನ್ನ ಮೈದುನ, ಅಂದರೆ ನಮ್ಮ ಯಜಮಾನರ ತಮ್ಮ, ನಿನ್ನೆ ರಾತ್ರಿ 10.20ಕ್ಕೆ ಈ ಠಾಣೆಯಲ್ಲಿ ದೂರು ಕೊಟ್ಟಿರುತ್ತಾರೆ. ರಾತ್ರಿಯ ಆಕಾಶದಲ್ಲಿ ಮೂಡುವ ಧ್ರುವಪ್ರಭೆಯ ಬೆಳಕನ್ನು ತೋರಿಸಲು ನಮ್ಮನ್ನು ಕರೆದೊಯ್ದ ಗೈಡ್ ಹುಡುಗಿ ಜನರನ್ನು ಎಣಿಸದೆ ವ್ಯಾನು ಬಿಟ್ಟಳು, ಅದರಿಂದ ಯಜಮಾನರು 70 ನಿಮಿಷ ಕೊರೆಯುವ ಚಳಿಯಲ್ಲಿ ಒಬ್ಬರೇ ಸಿಕ್ಕಿಕೊಂಡು ಬಲಗೈಯ ಮೂರು ಬೆರಳು ಸೆಟೆದುಹೋಗಿವೆ ಎಂಬುದು ದೂರು. ಆ ಹುಡುಗಿಗೆ 28 ವರ್ಷ. ನಿನ್ನೆಯಿಂದ ಪಕ್ಕದ ಕೋಣೆಯ ಬೆಂಚಿನ ಮೇಲೆ ಕೂತಿದ್ದಾಳೆ. ಅವಳ ಲೈಸೆನ್ಸನ್ನೂ ವ್ಯಾನಿನ ಕೀಲಿಯನ್ನೂ ತೆಗೆದಿಟ್ಟುಕೊಳ್ಳಲಾಗಿದೆ. ದೂರಿನಲ್ಲಿ ಬರೆದ ಸಮಯ ಸರಿ, ದೂರ ಸರಿ. ಬರೆಯದೆ ಬಿಟ್ಟದ್ದು ಒಂದಿದೆ. ಅದನ್ನು ಹೇಳಲು ಬಂದಿರುತ್ತೇನೆ.

ಯಜಮಾನರಿಗೆ 61 ವರ್ಷ. ಹೊಲಿಗೆ ಮಿಷನ್ ರಿಪೇರಿ ಮಾಡುತ್ತಾರೆ. ಒಳ್ಳೆಯ ಕೆಲಸಗಾರರು, ಆದರೆ ಅವಸರ ಎಂಬುದು ಅವರ ಮೈಯಲ್ಲೇ ಇಲ್ಲ. ಕರೆದರೆ ಮಾತ್ರ ತಕ್ಷಣ ‘ಬಂದೆ’ ಎನ್ನುತ್ತಾರೆ. ನಮ್ಮ ಮಾತಿನಲ್ಲಿ ಬಂದೆ ಎಂದರೆ ಬಂದಾಯಿತು ಎಂದೂ ಆಗುತ್ತದೆ, ಇನ್ನೇನು ಬರುತ್ತೇನೆ ಎಂದೂ ಆಗುತ್ತದೆ. ಅವರ ಬಾಯಲ್ಲಿ ಎರಡೂ ಅಲ್ಲ. ಊಟಕ್ಕೆ ಕರೆದಾಗ ಬಂದೆ ಎಂದರೆ ಹದಿನೈದು ನಿಮಿಷ. ಮಿಷನ್ ಬಿಚ್ಚಿಟ್ಟಿದ್ದರೆ ನಲವತ್ತು. ನನ್ನ ತಂಗಿಯ ಮದುವೆಯ ದಿನ ಬಂದೆ ಬಂದೆ ಎನ್ನುತ್ತಲೇ ಹೊತ್ತು ಕಳೆದರು, ನಾವು ಮುಟ್ಟುವಷ್ಟರಲ್ಲಿ ಛತ್ರದವರು ಕುರ್ಚಿ ಮಡಿಸುತ್ತಿದ್ದರು. ಮದುವೆಯಾದ 29 ವರ್ಷದಿಂದ ಇದು ನನಗೆ ಗೊತ್ತಿರುವ ಸಂಗತಿ. ಬರೆದುಕೊಳ್ಳುತ್ತಿರುವ ಪೇದೆಯವರು ವಿಷಯಕ್ಕೆ ಬನ್ನಿ ಅಮ್ಮಾ ಎಂದು ಹೇಳಿದ್ದರಿಂದ, ವಿಷಯ ಇದೇ ಎಂದು ತಿಳಿಸಿರುತ್ತೇನೆ.

ಧ್ರುವಪ್ರಭೆ ನೋಡುವ ಆಸೆ ಅವರದು. ನೂಲಿನ ಕಂಪನಿಯವರು ಕೊಟ್ಟ ಹಳೆಯ ಕ್ಯಾಲೆಂಡರಿನ ಡಿಸೆಂಬರ್ ಹಾಳೆಯಲ್ಲಿ ಆ ಹಸಿರು ಬೆಳಕಿನ ಚಿತ್ರವಿತ್ತು. ವರ್ಷ ಮುಗಿದ ಮೇಲೂ ಒಂಬತ್ತು ವರ್ಷ ಆ ಹಾಳೆಯನ್ನು ಅಂಗಡಿಯ ಗೋಡೆಯಿಂದ ಇಳಿಸಲಿಲ್ಲ. ನನಗೆ ಅಂಥ ಹುಚ್ಚೇನೂ ಇರಲಿಲ್ಲ. ರಜೆ ಕೂಡಿಬಿದ್ದಿತ್ತು, ಹೊರಟೆನು.

ಗುಂಪಿನಲ್ಲಿ ನಾವಿಬ್ಬರು, ಮೈದುನ, ನಿವೃತ್ತರಾದ ಇಬ್ಬರು ನರ್ಸಮ್ಮಂದಿರು ಮತ್ತು ಹೊಸದಾಗಿ ಮದುವೆಯಾದ ಒಂದು ಜೋಡಿ, ಒಟ್ಟು ಏಳು ಜನ. ವ್ಯಾನು ಓಡಿಸುವುದು, ಆಕಾಶ ತೋರಿಸುವುದು, ಫೋಟೋ ತೆಗೆಯುವುದು ಎಲ್ಲ ಗೈಡ್ ಹುಡುಗಿ ಒಬ್ಬಳೇ. ಇಲ್ಲಿ ಈಗ ಮಧ್ಯಾಹ್ನ ಮೂರಕ್ಕೇ ಕತ್ತಲಾಗುತ್ತದೆ. ಹಾಗಾಗಿ ನಾಲ್ಕು ಗಂಟೆಗೆ ಹೊರಟು, ಮೋಡವಿಲ್ಲದ ಜಾಗ ಹುಡುಕುತ್ತ ಒಂದೊಂದು ಕಡೆ ನಿಲ್ಲಿಸುವುದು ಕ್ರಮ.

ದಿನಾಂಕ 20ರಂದು ಐದು ಕಡೆ ನಿಲ್ಲಿಸಿದಳು. ಏನೂ ಕಾಣಲಿಲ್ಲ. ಪ್ರತಿ ಸಲ ಹೊರಡುವ ಮೊದಲು ಅವಳು ಟಾರ್ಚ್ ಹಿಡಿದು ಒಳಗೆ ಹತ್ತಿ, ಒಬ್ಬೊಬ್ಬರ ಮುಖಕ್ಕೆ ಬೆಳಕು ಬಿಟ್ಟು, ಬೆರಳು ಮಡಿಸಿ ಎಣಿಸುತ್ತಿದ್ದಳು. ಇದಕ್ಕೆ ನಾಲ್ಕು ನಿಮಿಷ ಹಿಡಿಯುತ್ತಿತ್ತು. ನಾನು ಗಡಿಯಾರ ನೋಡಿಕೊಂಡಿದ್ದೇನೆ. ದಿನಾಂಕ 21ರಂದು ಮತ್ತೆ ಮೋಡ. ಹತ್ತುವುದು, ಇಳಿಯುವುದು, ಕತ್ತೆತ್ತುವುದು, ಮತ್ತೆ ಹತ್ತುವುದು. ನನಗೆ ಕೂತಲ್ಲಿ ಕೂರಲಾಗುತ್ತಿರಲಿಲ್ಲ, ನಿಂತಲ್ಲಿ ನಿಲ್ಲಲಾಗುತ್ತಿರಲಿಲ್ಲ. ಹೊತ್ತಿಗೆ ಸರಿಯಾಗಿ ಬರದ ಬಸ್ಸಿಗಾದರೆ ಮೆಮೊ ಕೊಡಬಹುದು, ಆಕಾಶಕ್ಕೆ ಯಾರು ಕೊಡಬೇಕು?

ಅದೇ ದಿನ ಸಂಜೆ 6.10ಕ್ಕೆ, ಮೂರನೆಯ ಕಡೆಯಿಂದ ಹೊರಡುವಾಗ, ನಾನು ಎಲ್ಲರೆದುರು ಅವಳಿಗೆ, “ಏನಮ್ಮಾ, ನಾವೇನು ಕುರಿಗಳಾ? ಹೀಗೆ ಮುಖಕ್ಕೆ ಲೈಟ್ ಬಿಟ್ಟು ಎಣಿಸ್ತೀಯಲ್ಲ” ಎಂದೆನು. ಅವಳು ರೂಲ್ಸು ಆಂಟಿ, ಬಿಡೋ ಹಾಗಿಲ್ಲ ಎಂದಳು. ನಾನು, “ಮೂವತ್ತೊಂದು ವರ್ಷ ದಿನಕ್ಕೆ ಇನ್ನೂರು ಬಸ್ ಹೊರಡಿಸಿದೀನಿ. ಎಣಿಕೆ ನನಗೆ ಬಿಡು, ನೀನು ಸ್ಟೇರಿಂಗ್ ನೋಡ್ಕೋ” ಎಂದೆನು. ಎಲ್ಲರೂ ನಕ್ಕರು. ಹೊಸ ಜೋಡಿ ಚಪ್ಪಾಳೆ ತಟ್ಟಿದರು. ಎಲ್ಲರಿಗಿಂತ ಜೋರಾಗಿ ನಕ್ಕವರು ನನ್ನ ಮೈದುನ, ಅತ್ತಿಗೆ ಇರೋವಾಗ ನಿನ್ನ ಟಾರ್ಚ್ ಯಾಕಮ್ಮಾ ಎಂದವರೂ ಅವರೇ. ಅಂದಿನಿಂದ ನಾನು ಪಕ್ಕದ ಬಾಗಿಲ ಬಳಿಯ ಸೀಟಿನಲ್ಲಿ ಕೂತು, ತಲೆ ಎಣಿಸಿ, ಕಂಡಕ್ಟರಂತೆ ‘ರೈಟ್’ ಹೇಳುವುದು, ಅವಳು ವ್ಯಾನು ಬಿಡುವುದು ಎಂದಾಯಿತು. ಅವಳು ಒಪ್ಪಿಕೊಂಡದ್ದು ನನ್ನ ವಯಸ್ಸಿಗೆ ಮರ್ಯಾದೆ ಕೊಟ್ಟು. ಈ ಭಾಗ ದೂರಿನಲ್ಲಿ ಇರುವುದಿಲ್ಲ.

ನಿನ್ನೆ ದಿನಾಂಕ 22, ಪ್ರವಾಸದ ಕೊನೆಯ ದಿನ. ಸಂಜೆ 5.30ಕ್ಕೆ ಕೆರೆಯ ದಂಡೆಯಲ್ಲಿ ನಿಲ್ಲಿಸಿದಳು. ಅಲ್ಲಿ ಬೀಗ ಹಾಕಿದ ಒಂದು ಮರದ ಶೆಡ್ ಬಿಟ್ಟರೆ ಬೇರೆ ಏನೂ ಇಲ್ಲ. ವ್ಯಾನಿನ ಮೀಟರಿನಲ್ಲಿ ಸೊನ್ನೆಗಿಂತ 24 ಡಿಗ್ರಿ ಕೆಳಗೆ ಎಂದಿತ್ತು. 6.15ರ ಹೊತ್ತಿಗೆ ಆಕಾಶದಲ್ಲಿ ಸ್ಲೇಟು ಒರೆಸಿದ ಹಾಗೆ ಬೂದು ಬಣ್ಣದ ಒಂದು ಗೆರೆ ಕಂಡಿತು. ಯಜಮಾನರು, “ಕಾಣ್ತಾ ಇದೆ ಕಣೇ, ನೋಡು ನೋಡು” ಎಂದರು. ಗೈಡ್ ಹುಡುಗಿ ತನ್ನ ಕ್ಯಾಮೆರಾದಲ್ಲಿ ತೆಗೆದು ತೋರಿಸಿದಾಗ ಅದು ಹಸಿರಾಗಿತ್ತು. ಕಣ್ಣಿಗೆ ಕಾಣದ್ದು ಕ್ಯಾಮೆರಾಕ್ಕೆ ಕಂಡರೆ ಏನು ಬಂತು, ಇದಕ್ಕೆ ಒಂಬತ್ತು ವರ್ಷ ಕಾಯಬೇಕಿತ್ತಾ ಎಂದು ನಾನು ಹೇಳಿದೆನು. ಅವರು ಗೈಡ್ ಹುಡುಗಿಯ ಕ್ಯಾಮೆರಾ ಸ್ಟ್ಯಾಂಡಿನ ಬಳಿಗೆ ಹೋಗಿ ನಿಂತರು.

6.48ಕ್ಕೆ ಅವಳ ಫೋನಿಗೆ ಸುದ್ದಿ ಬಂತು. ಪೂರ್ವಕ್ಕೆ 31 ಕಿ.ಮೀ. ದೂರದಲ್ಲಿ ಆಕಾಶ ಪೂರಾ ಬಿಚ್ಚಿದೆ, ಒಂದು ಗಂಟೆಯಲ್ಲಿ ಮುಚ್ಚಬಹುದು ಎಂದು. ಎಲ್ಲರೂ ಓಡಿಬಂದು ಹತ್ತಿದರು. ಯಜಮಾನರ ಜಾಗ ಕೊನೆಯ ಸೀಟು. ಅವರು ಕ್ಯಾಮೆರಾ ಸ್ಟ್ಯಾಂಡ್ ಒಳಗಿಟ್ಟು ಹಿಂದಿನ ಬಾಗಿಲಿನಿಂದಲೇ ಹತ್ತುವುದು ರೂಢಿ. ಆರು ತಲೆ ಎಣಿಸಿದೆನು. ಏಳನೆಯದು ಕಾಣಲಿಲ್ಲ. “ರೀ, ಬಂದ್ರಾ?” ಎಂದು ಕೂಗಿದೆನು. “ಬಂದೆ ಕಣೇ” ಎಂದು ಹಿಂದಿನಿಂದ ಕೇಳಿತು. ಅಷ್ಟರಲ್ಲಿ ಹೊಸ ಮದುಮಗ ಒಳಗಿನಿಂದ ಹಿಂದಿನ ಬಾಗಿಲನ್ನು ಎಳೆದುಕೊಂಡ ಸದ್ದಾಯಿತು. ಗೈಡ್ ಹುಡುಗಿ, “ಅಂಕಲ್ ಬಂದ್ರಾ ಆಂಟಿ? ಒಂದ್ಸಲ ನೋಡ್ಬಿಡ್ತೀನಿ” ಎಂದು ಟಾರ್ಚಿಗೆ ಕೈ ಹಾಕಿದಳು. “ಬಂದ್ರು ಬಂದ್ರು, ಮೋಡ ಮುಚ್ಚೋಕೆ ಮುಂಚೆ ಹೊರಡು” ಎಂದು ನಾನು ಅವಳನ್ನು ತಡೆದು, ತಿರುಗಿ ನೋಡದೆ ‘ರೈಟ್’ ಹೇಳಿದೆನು. ಆಗ ಸಮಯ 6.52.

ದಾರಿಯಲ್ಲಿ ಒಮ್ಮೆ ಹಿಂದಕ್ಕೆ, ಕಾಲು ಬೆಚ್ಚಗಿದೆಯಾ ಎಂದು ಕೇಳಿದೆನು. ಉತ್ತರ ಬರಲಿಲ್ಲ. ಅವರ ಬೆಳಕನ್ನು ನಾನು ಹಳಿದದ್ದಕ್ಕೆ ಮುಖ ಊದಿಸಿಕೊಂಡಿದ್ದಾರೆ ಎಂದುಕೊಂಡೆನು. ಇರಲಿ ಎಂದು ಮುಂದಿನ ಗಾಜಿನತ್ತ ತಿರುಗಿದೆನು.

7.25ಕ್ಕೆ ತಲುಪಿದೆವು. ಇಳಿದು ತಲೆ ಎತ್ತಿದರೆ ಆಕಾಶದ ಈ ತುದಿಯಿಂದ ಆ ತುದಿಗೆ ಹಸಿರು ಬೆಳಕು. ಒಗೆದ ಸೀರೆಯನ್ನು ಇಬ್ಬರು ಎರಡು ಕಡೆ ಹಿಡಿದು ಕೊಡವಿದ ಹಾಗೆ ಅಲುಗಾಡುತ್ತಿತ್ತು. ನಾನು ಬಾಯಿ ಬಿಟ್ಟುಕೊಂಡು ನಿಂತುಬಿಟ್ಟೆನು. ಇಷ್ಟು ದಿನ ಆಡಿದ ಮಾತೆಲ್ಲ ನಾಚಿಕೆ ತಂದಿತು. 7.31ಕ್ಕೆ, “ನೋಡ್ರೀ, ನೀವು ಹೇಳಿದ್ದು ನಿಜ ಕಣ್ರೀ” ಎಂದು ಪಕ್ಕಕ್ಕೆ ಕೈ ಚಾಚಿದೆನು. ಕೈಗೆ ಸಿಕ್ಕಿದ್ದು ದೊಡ್ಡ ನರ್ಸಮ್ಮನ ತೋಳು. ಅವರು, “ನಿಮ್ಮೋರು ಎಲ್ಲಿ?” ಎಂದು ಕೇಳಿದರು.

ಕೊನೆಯ ಸೀಟಿನಲ್ಲಿ ಬ್ಯಾಗುಗಳು ಮಾತ್ರ ಇದ್ದವು. ಫೋನು ಮಾಡಿದೆನು. ಅದು ನನ್ನ ಕೈಚೀಲದಲ್ಲೇ ರಿಂಗಾಯಿತು. ಚಳಿಗೆ ಬ್ಯಾಟರಿ ಇಳಿಯುತ್ತದೆಂದು ನಾನೇ ತೆಗೆದಿಟ್ಟುಕೊಂಡಿದ್ದೆನು.

7.33ಕ್ಕೆ ವ್ಯಾನು ತಿರುಗಿಸಿದಳು. 7.35ಕ್ಕೆ ಸಹಾಯವಾಣಿಗೆ ಫೋನು ಮಾಡಿದವಳೂ ಅವಳೇ. ಮೈದುನ ದಾರಿಯುದ್ದಕ್ಕೂ ಅವಳಿಗೆ ಬಾಯಿಗೆ ಬಂದಂತೆ ಬೈದರು. ಅವಳು ಒಮ್ಮೆ ಮಾತ್ರ, “ನಾನು ನೋಡಬೇಕಿತ್ತು ಆಂಟಿ” ಎಂದಳು. ನಾನು ತಡೆದದ್ದರಿಂದ ನೋಡಲಿಲ್ಲ ಎಂದು ಅವಳು ಹೇಳಲಿಲ್ಲ. ನಾನೂ ಹೇಳಲಿಲ್ಲ. ಹೊರಗೆ ಆಕಾಶ ಪೂರಾ ಹಸಿರಾಗಿತ್ತು, ಯಾರೂ ನೋಡಲಿಲ್ಲ.

8.02ಕ್ಕೆ ಕೆರೆ ತಲುಪಿದೆವು. ಯಜಮಾನರು ಶೆಡ್ಡಿನ ಸುತ್ತ ನಡೆಯುತ್ತಿದ್ದರು. ನಡೆದು ನಡೆದು ಹಿಮದಲ್ಲಿ ಮೊಣಕಾಲಾಳದ ದಾರಿ ಬಿದ್ದಿತ್ತು. ಬಲಗೈಗೆ ಗ್ಲೌಸು ಇರಲಿಲ್ಲ. ಕ್ಯಾಮೆರಾ ಸ್ಟ್ಯಾಂಡಿನ ಒಂದು ಸ್ಕ್ರೂ ಬಿದ್ದದ್ದು ನೋಡಿ, ಹಿಮ ಕೆದಕಲು ಗ್ಲೌಸು ಬಿಚ್ಚಿ ವ್ಯಾನಿನ ಹಿಂದಿನ ಮೆಟ್ಟಿಲ ಮೇಲಿಟ್ಟು, ಶೆಡ್ಡಿನ ಆಚೆ ಬದಿಗೆ ಹೋಗಿದ್ದರಂತೆ. ಬಿದ್ದ ಸ್ಕ್ರೂ ಬಿಟ್ಟು ಬರುವುದು ಅವರಿಂದ ಆಗದ ಕೆಲಸ. ನಾನು ಕೂಗಿದಾಗ ಅಲ್ಲಿ ಮೊಣಕಾಲೂರಿ ಕೂತಿದ್ದರು. ಅಲ್ಲಿಂದ ವ್ಯಾನಿಗೆ 22 ಹೆಜ್ಜೆ. ಗ್ಲೌಸು ವ್ಯಾನಿನ ಜೊತೆಯಲ್ಲೇ ಹೋಯಿತು.

ನಾನು ಅವರ ಕೈ ಉಜ್ಜಲು ಹೋದೆನು. ಉಜ್ಜಬಾರದು ಎಂದು ದೊಡ್ಡ ನರ್ಸಮ್ಮ ನನ್ನನ್ನು ಸರಿಸಿ, ಆ ಕೈಯನ್ನು ತಮ್ಮ ಕಂಕುಳಲ್ಲಿ ಇಟ್ಟುಕೊಂಡು ಕೂತರು. ಗೈಡ್ ಹುಡುಗಿ ತನ್ನ ಜಾಕೆಟ್ಟನ್ನು ಅವರಿಗೆ ಹೊದಿಸಿ, ಬರೀ ಸ್ವೆಟರಿನಲ್ಲಿ ವ್ಯಾನು ಓಡಿಸಿದಳು. 8.57ಕ್ಕೆ ಆಸ್ಪತ್ರೆಗೆ ಸೇರಿಸಿದೆವು.

ಇಂದು ಬೆಳಿಗ್ಗೆ 9.40ಕ್ಕೆ ಅವರನ್ನು ನೋಡಿದೆನು. ಹೆಬ್ಬೆರಳು, ಕಿರುಬೆರಳು ಉಳಿಯುತ್ತವೆ, ನಡುವಿನ ಮೂರರ ವಿಷಯ ಹತ್ತು ದಿನ ಬಿಟ್ಟು ಹೇಳುತ್ತೇವೆ ಎಂದು ಡಾಕ್ಟರು ತಿಳಿಸಿದರು. ಸೂಜಿಯ ತುದಿಯ ಕೆಲಸ ಮಾಡುವವರು ಆ ಮೂರು ಬೆರಳಿಲ್ಲದೆ ಏನು ಮಾಡಬೇಕು ಎಂದು ನಾನು ಡಾಕ್ಟರನ್ನು ಕೇಳಲಿಲ್ಲ.

ಯಜಮಾನರು ನನಗೆ, “ನೀನು ರೈಟ್ ಅಂದದ್ದು ಅಲ್ಲೀವರೆಗೂ ಕೇಳಿಸ್ತು ಕಣೇ. ನೀನು ರೈಟ್ ಅಂದ್ರೆ ಎಲ್ಲಾ ಹತ್ತಿದಾರೆ ಅಂತ ತಾನೇ? ಒಂದು ಗಳಿಗೆ ನಾನೂ ಹತ್ತಿದೀನೇನೋ ಅನ್ನಿಸಿಬಿಡ್ತು” ಎಂದು ಹೇಳಿ ನಕ್ಕರು. ಯಾಕೆ ಕೂಗಲಿಲ್ಲ ಎಂದು ಕೇಳಿದೆನು. ತಮಾಷೆಗೆ ಹೆದರಿಸ್ತಿದಾಳೆ, ತಿರುವಿನಲ್ಲಿ ನಿಲ್ಲಿಸ್ತಾಳೆ, ಇವಳು ನನ್ನ ಬಿಟ್ಟು ಎಲ್ಲಿಗೆ ಹೋಗ್ತಾಳೆ ಎಂದುಕೊಂಡು ನಿಂತಿದ್ದರಂತೆ. ಕೂಗಬೇಕು ಎನ್ನಿಸುವಷ್ಟರಲ್ಲಿ ವ್ಯಾನಿನ ಕೆಂಪು ದೀಪ ಕಾಣುತ್ತಿರಲಿಲ್ಲವಂತೆ. ಪೊಲೀಸರು ಕೇಳಿದರೆ, ಬಂದೆ ಅಂದದ್ದು ತಮ್ಮ ತಪ್ಪು ಎಂದೇ ಬರೆಸುವುದಾಗಿಯೂ, ನಾನೂ ಹಾಗೇ ಬರೆಸಿ ಮುಗಿಸಿಬಿಡಬೇಕೆಂದೂ ಹೇಳಿದರು. ನಾನು ಒಪ್ಪಿರುವುದಿಲ್ಲ.

ಡಿಪೋದಲ್ಲಿ ಕ್ಯಾಂಟೀನಿನ ಒಳಗಿನಿಂದ ‘ಬಂದೆ ಟೈಮಕ್ಕಾ’ ಎಂದು ಕೂಗಿದ ಡ್ರೈವರಿನ ಹೆಸರಿನ ಮುಂದೆ ನಾನು ಒಂದು ದಿನವೂ ಹಾಜರಿ ಹಾಕಿದವಳಲ್ಲ. ಮುಖ ಕಂಡ ಮೇಲೇ ಪೆನ್ನು ಎತ್ತುವುದು. ಆ ಡ್ರೈವರುಗಳಿಗೆ ಕೊಟ್ಟ ಅಷ್ಟು ಗಮನವನ್ನು ನಿನ್ನೆ ನನ್ನ ಗಂಡನಿಗೆ ಕೊಡಲಿಲ್ಲ. ಅವರ ಬಂದೆ ಬಂದೆಯಲ್ಲ ಎಂದು ನನಗೆ ಗೊತ್ತಿತ್ತು. ಒಂದು ಸಲವಾದರೂ ಓಡಿ ಬರಲಿ ಎಂಬ ಸಿಟ್ಟು ಒಳಗಿತ್ತು. ಅವರು ವ್ಯಾನು ಹತ್ತಿಕೊಂಡಿರಬಹುದು ಎಂದು ನನಗೆ ನಾನೇ ಹೇಳಿಕೊಂಡದ್ದು ಆಮೇಲೆ.

ಆದ್ದರಿಂದ ಗೈಡ್ ಹುಡುಗಿಯ ಮೇಲಿನ ದೂರಿನಲ್ಲಿ ಅವಳ ಹೆಸರಿರುವ ಕಡೆ ನನ್ನ ಹೆಸರನ್ನು ಪರಿಗಣಿಸಬೇಕಾಗಿ ಕೋರುತ್ತೇನೆ. ಅವಳ ಲೈಸೆನ್ಸನ್ನು ಅವಳಿಗೆ ಹಿಂದಿರುಗಿಸಬೇಕು.

ಈ ಹೇಳಿಕೆಯನ್ನು ಪೇದೆಯವರು ನನಗೆ ಓದಿ ಹೇಳಿದರು. 6.52ರ ಜಾಗದಲ್ಲಿ ಅವರು ‘ತಪ್ಪು ತಿಳಿವಳಿಕೆಯಿಂದ ರೈಟ್ ಹೇಳಿದೆನು’ ಎಂದು ತಾವಾಗಿ ಬರೆದುಕೊಂಡಿದ್ದರು. ನನ್ನ ಮೇಲಿನ ಕನಿಕರದಿಂದಲೇ ಬರೆದಿದ್ದರು. ‘ತಪ್ಪು ತಿಳಿವಳಿಕೆಯಿಂದ’ ಎಂಬುದನ್ನು ಹೊಡೆಸಿ ‘ತಿರುಗಿ ನೋಡದೆ’ ಎಂದು ಬರೆಸಿರುತ್ತೇನೆ. ತಿದ್ದಿದ ಜಾಗದಲ್ಲಿ ನನ್ನ ಸಹಿ ಇದೆ. ಉಳಿದದ್ದು ನಾನು ಹೇಳಿದಂತೆಯೇ ಇದ್ದು, ಎಲ್ಲವೂ ನಿಜ.

ಸ್ಥಳ: ಬಂದರು ಠಾಣೆ
ದಿನಾಂಕ: 23 ಜನವರಿ, ಬೆಳಿಗ್ಗೆ 11.05
ಸಹಿ: (ಟೈಮಕ್ಕ)